ಹಳೆಯ ‘ಆ್ಯಸ್ ಯು ಲೈಕ್ ಇಟ್’ ನೋಡುವ ಬಗೆ: ಗೆಳೆಯನಿಗೊಂದು ಪತ್ರ

ಪ್ರಿಯ ಬಸವರಾಜ,

ನಿನ್ನ ಪತ್ರ ಬಂತು. ಇಂಟರ್‌ನೆಟ್ ಆರ್ಕೈವ್ ಎಂಬ ಉಚಿತ ಜಾಲಸಂಗ್ರಹದಲ್ಲಿ, ಶೇಕ್ಸ್‌ಪಿಯರ್ ನಾಟಕದಿಂದ ಮಾಡಿದ 1936ರ ‘ಆ್ಯಸ್ ಯು ಲೈಕ್ ಇಟ್’ ಚಿತ್ರ ಹಾಕಿಕೊಂಡು ಕೂತೆ, ಕಾಲು ಗಂಟೆಗೇ ಸಾಕಾಯಿತು, ಮುಖಗಳೆಲ್ಲ ಗೀರು ಗೀರು, ಧ್ವನಿ ಕೀಚಲು, ಮಾತು ಒಂದೂ ತಲೆಗೆ ಹೋಗಲಿಲ್ಲ, ಇದನ್ನು ಪಿಯು ಹುಡುಗರಿಗೆ ಹೇಗಪ್ಪಾ ತೋರಿಸಲಿ ಅಂತ ಕೇಳಿದ್ದೀಯ. ಕೈಬಿಡುವ ಮುಂಚೆ ಇದನ್ನು ಪೂರ್ತಿ ಓದು. ನಿನ್ನ ಮೂರು ದೂರುಗಳಲ್ಲಿ ಮೊದಲ ಎರಡು ನಿನ್ನ ಕೈಗೆ ಸಿಕ್ಕ ಪ್ರತಿಯ ಮೇಲಿನವು. ಆ ಗೀರೂ ಆ ಕೀಚಲೂ ಮೂಲ ಫಿಲ್ಮಿನಲ್ಲಿ ಇರಲಿಲ್ಲ, ಆಮೇಲೆ ನಕಲು ಮಾಡಿದವರ ಕೈಯಲ್ಲಿ ಸೇರಿಕೊಂಡವು. ಮೂರನೆಯದಕ್ಕೆ ನಾಟಕದ ಪಠ್ಯ ಪಕ್ಕದಲ್ಲಿರಬೇಕು, ಅಷ್ಟೇ. ಉಚಿತ ಸಂಗ್ರಹದಲ್ಲಿ ಹಳೆಯ ಚಿತ್ರ ನೋಡುವವರು ಚಿತ್ರಕ್ಕೆ ಅಂಕ ಕೊಡುವ ಮುಂಚೆ ಪ್ರತಿಯನ್ನು ಪರೀಕ್ಷೆ ಮಾಡಬೇಕು.

ಇಷ್ಟು ಶ್ರಮ ಯಾಕೆ ಅಂದರೆ, ಈ ಚಿತ್ರದಲ್ಲಿ ಸೇರಿರುವ ಜನ ಸಾಮಾನ್ಯರಲ್ಲ. ನಟ ಲಾರೆನ್ಸ್ ಒಲಿವಿಯರ್ ತೆರೆಯ ಮೇಲೆ ಮಾಡಿದ ಮೊದಲ ಶೇಕ್ಸ್‌ಪಿಯರ್ ಪಾತ್ರ ಇಲ್ಲಿನ ನಾಯಕ ಆರ್ಲಾಂಡೊ. ಚಿತ್ರ ಬಿಡುಗಡೆಯಾದಾಗ ಅವನಿಗೆ 29 ವರ್ಷ. ಹಿಂದಿನ ವರ್ಷವಷ್ಟೇ ಲಂಡನ್ನಿನ ರಂಗದ ಮೇಲೆ ನಟ ಜಾನ್ ಗೀಲ್‌ಗುಡ್ ಜೊತೆ ರೋಮಿಯೊ, ಮರ್ಕ್ಯುಶಿಯೊ ಪಾತ್ರಗಳನ್ನು ಇಬ್ಬರೂ ಅದಲುಬದಲು ಮಾಡಿಕೊಂಡು ಆಡಿದ್ದರು. ಸಂಗೀತ ವಿಲಿಯಂ ವಾಲ್ಟನ್‌ದು. ಮುಂದೆ ಒಲಿವಿಯರ್ ತಾನೇ ನಿರ್ದೇಶಿಸಿದ ‘ಹೆನ್ರಿ ದ ಫಿಫ್ತ್’ (1944), ‘ಹ್ಯಾಮ್ಲೆಟ್’ (1948), ‘ರಿಚರ್ಡ್ ದ ಥರ್ಡ್’ (1955) ಮೂರಕ್ಕೂ ಸಂಗೀತ ಕೊಟ್ಟವನು ಇವನೇ. ಆ ನಂಟಿನ ಬೇರು ಈ ಚಿತ್ರದಲ್ಲಿದೆ. ಸಂಕಲನ ಡೇವಿಡ್ ಲೀನ್. ಹೌದು, 1984ರ ‘ಎ ಪ್ಯಾಸೇಜ್ ಟು ಇಂಡಿಯಾ’ ಚಿತ್ರದ ಗುಹೆಗಳಿಗಾಗಿ ನಮ್ಮ ಸಾವನದುರ್ಗ, ರಾಮದೇವರಬೆಟ್ಟಗಳ ಬಂಡೆ ಹುಡುಕಿಕೊಂಡು ಬಂದ ಅದೇ ಲೀನ್. ಚಿತ್ರಕಥೆಯ ರೂಪುರೇಖೆ ಸೂಚಿಸಿದವರು ಪೀಟರ್ ಪ್ಯಾನ್‌ನನ್ನು ಸೃಷ್ಟಿಸಿದ ಜೆ. ಎಂ. ಬ್ಯಾರಿ.

ಆದರೂ ಇದು ನಾಯಕಿ ರೋಸಲಿಂಡ್‌ಳ ಚಿತ್ರ. ಶೇಕ್ಸ್‌ಪಿಯರ್ ಹೆಣ್ಣುಪಾತ್ರಗಳಿಗೆ ಬರೆದದ್ದರಲ್ಲಿ ಅತಿ ಉದ್ದದ ಮಾತುಗಾರಿಕೆ ಇವಳದ್ದು. ಆ ಪಾತ್ರ ಮಾಡಿರುವ ಎಲಿಸಬೆತ್ ಬರ್ಗ್‌ನರ್ ಇಂಗ್ಲಿಷ್ ಮನೆಮಾತಿನವಳಲ್ಲ. ಜರ್ಮನ್ ರಂಗಭೂಮಿಯಲ್ಲಿ ಇದೇ ರೋಸಲಿಂಡ್ ಆಗಿ ಹೆಸರು ಮಾಡಿ, ಹಿಟ್ಲರ್ ಅಧಿಕಾರಕ್ಕೆ ಬಂದ ಮೇಲೆ ಲಂಡನ್ನಿನಲ್ಲಿ ನೆಲೆಸಿದ ಯಹೂದಿ ನಟಿ. ನಿರ್ದೇಶಕ ಪಾಲ್ ಟ್ಸಿನ್ನರ್ ಅವಳ ಗಂಡ. ಅವಳ ಉಚ್ಚಾರದಲ್ಲಿ ಪರದೇಶಿ ಎಳೆ ಇದೆ, ಅದಕ್ಕೆ ಕಿವಿ ಹೊಂದಿಕೊಳ್ಳಲು ಹತ್ತು ನಿಮಿಷ ಬೇಕು. ನೀನು ಬಿಟ್ಟೆದ್ದದ್ದು ಸರಿಯಾಗಿ ಆ ಹೊತ್ತಿಗೆ! ಅವಳ ಚಡಪಡಿಕೆ, ನಗು, ಒಂದು ಕಡೆ ನಿಲ್ಲದ ಕಾಲು ಕೆಲವರಿಗೆ ಅತಿ ಅನಿಸುತ್ತದೆ. ಗಂಡುವೇಷದಲ್ಲಿ ಸಿಕ್ಕಿಕೊಂಡು ಪ್ರೀತಿಯನ್ನು ಅದುಮಿಡುವ ಹುಡುಗಿಗೆ ಅದು ಒಪ್ಪುತ್ತದೆ ಅಂತ ನನ್ನ ಅಭಿಪ್ರಾಯ.

ನಿನ್ನ ಹುಡುಗರಿಗೆ ಇದನ್ನು ಮುಟ್ಟಿಸುವುದು ನಮ್ಮೂರಿನಲ್ಲಿ ಸುಲಭ. ಶೇಕ್ಸ್‌ಪಿಯರ್‌ನ ಕಾಲದಲ್ಲಿ ಹೆಂಗಸರು ರಂಗ ಏರುತ್ತಿರಲಿಲ್ಲ, ಹುಡುಗರೇ ಹೆಣ್ಣುಪಾತ್ರ ಮಾಡುತ್ತಿದ್ದರು. ಅಂದರೆ ಒಬ್ಬ ಹುಡುಗ ರೋಸಲಿಂಡ್ ಆಗಿ, ಆ ರೋಸಲಿಂಡ್ ಗ್ಯಾನಿಮೀಡ್ ಎಂಬ ಹುಡುಗನಾಗಿ, ಆ ಗ್ಯಾನಿಮೀಡ್ ಮತ್ತೆ ಆರ್ಲಾಂಡೊನ ಮುಂದೆ ರೋಸಲಿಂಡ್ ಆದಂತೆ ನಟಿಸಬೇಕು. ಯಕ್ಷಗಾನದ ಸ್ತ್ರೀವೇಷ ನೋಡಿ ಬೆಳೆದ ಮಕ್ಕಳಿಗೆ ಈ ಪದರಗಳನ್ನು ವಿವರಿಸಲು ಬೋರ್ಡೇ ಬೇಡ.

ಈಗ ಪ್ರತಿಯ ವಿಷಯ. ಒಂದೇ ಚಿತ್ರದ ಇಷ್ಟೊಂದು ಕೆಟ್ಟ ನಕಲುಗಳು ಎಲ್ಲಿಂದ ಬಂದವು? ಅಮೆರಿಕದಲ್ಲಿ ಆಗಿನ ಕಾನೂನಿನಂತೆ ಚಿತ್ರದ ಹಕ್ಕನ್ನು 28 ವರ್ಷಕ್ಕೆ ನವೀಕರಿಸದಿದ್ದರೆ ಅದು ಬಿದ್ದುಹೋಗುತ್ತಿತ್ತು. ಹಾಗೆ ಬಿದ್ದದ್ದು ಎಂದು ತಿಳಿದ ಚಿತ್ರಗಳನ್ನು ಅಗ್ಗದ ವಿಡಿಯೋ ಕಂಪನಿಗಳು ಟಿವಿಗಾಗಿ ಮಾಡಿದ ಸವೆದ 16 ಮಿಲಿಮೀಟರ್ ಪ್ರಿಂಟುಗಳಿಂದ ವಿಎಚ್‌ಎಸ್ ಟೇಪಿಗೆ, ಟೇಪಿನಿಂದ ಡಿವಿಡಿಗೆ ಇಳಿಸಿ ಮಾರಿದವು. ಆ ಡಿವಿಡಿಯನ್ನು ಯಾರೋ ಪುಣ್ಯಾತ್ಮರು ಕಂಪ್ಯೂಟರಿಗೆ ಇಳಿಸಿ ಆರ್ಕೈವ್‌ಗೆ ಏರಿಸುತ್ತಾರೆ. ಆರ್ಕೈವ್ ಮತ್ತೆ ತನ್ನದೇ ಚಿಕ್ಕ ನಕಲುಗಳನ್ನು ಮಾಡಿಡುತ್ತದೆ. ಪ್ರತಿ ಇಳಿತಕ್ಕೂ ಬಿಳಿ ಇನ್ನಷ್ಟು ಸುಣ್ಣವಾಗುತ್ತದೆ, ಕಪ್ಪು ಮಸಿಯಾಗುತ್ತದೆ, ನಡುವಿನ ಬೂದುಬಣ್ಣಗಳು ಹೋಗುತ್ತವೆ. ಈ ಚಿತ್ರಕ್ಕೆ ಇದು ದೊಡ್ಡ ಪೆಟ್ಟು. ಲಾಜರ್ ಮೀರ್ಸನ್ ಎಂಬ ಕಲಾ ನಿರ್ದೇಶಕ ಕಥೆ ನಡೆಯುವ ಇಡೀ ಆರ್ಡೆನ್ ಕಾಡನ್ನು ಸ್ಟುಡಿಯೋ ಒಳಗೆ ಕಟ್ಟಿದ್ದ, ಕುರಿಮಂದೆ ಸಮೇತ. ಎಲೆಗಳ ಮೇಲಿನ ಬೆಳಕಿನಲ್ಲೇ ಆ ಕಾಡಿನ ಜೀವ ಇರುವುದು.

ಹುಡುಕುವಾಗ ಚಿತ್ರದ ಹೆಸರಿನ ಜೊತೆ 1936 ಎಂದು ಹಾಕು, ಎಡಗಡೆಯ ಸೋಸುವ ಪಟ್ಟಿಯಲ್ಲಿ ಮೂವೀಸ್ ಮಾತ್ರ ಆರಿಸು. ಇಲ್ಲದಿದ್ದರೆ ಶಾಲಾ ನಾಟಕ, ಧ್ವನಿಪುಸ್ತಕ, ಪಠ್ಯಪುಸ್ತಕದ ಸ್ಕ್ಯಾನ್ ಎಲ್ಲ ಸೇರಿ ಬರುತ್ತವೆ. ವರ್ಷ ಹಾಕದೆ ಏರಿಸಿದವರೂ ಇರುತ್ತಾರೆ, ಆದ್ದರಿಂದ ಒಲಿವಿಯರ್, ಬರ್ಗ್‌ನರ್ ಹೆಸರುಗಳಿಂದಲೂ ಒಂದೊಂದು ಸಲ ಹುಡುಕು. ಹೆಚ್ಚು ಜನ ನೋಡಿದ್ದು ಮೇಲೆ ಬರುತ್ತದೆ; ಹೆಚ್ಚು ಜನ ನೋಡಿದ್ದು ಮೊದಲು ಏರಿದ್ದಕ್ಕೆ, ಒಳ್ಳೆಯದು ಅನ್ನುವುದಕ್ಕಲ್ಲ. ಕೆಳಗೆ ನೋಡುಗರು ಬರೆದ ವಿಮರ್ಶೆಗಳಲ್ಲಿ ಕಥೆಯ ಮಾತು ಬಿಡು, ಚಿತ್ರ ಮಸುಕು, ಧ್ವನಿ ಹಿಂದೆ ಬಿದ್ದಿದೆ, ಕೊನೆ ಕತ್ತರಿಸಿದೆ ಎಂಬ ದೂರುಗಳಿದ್ದರೆ ಓದು.

ಚಿತ್ರದ ಪುಟದ ಬಲಗಡೆ ಡೌನ್‌ಲೋಡ್ ಆಯ್ಕೆಗಳಿವೆ, ಅದರ ಕೆಳಗೆ ‘ಶೋ ಆಲ್’ ಎಂಬ ಕೊಂಡಿ. ಅದನ್ನು ಒತ್ತಿದರೆ ಎಲ್ಲ ಫೈಲುಗಳ ಪಟ್ಟಿ ಗಾತ್ರದ ಸಮೇತ ತೆರೆಯುತ್ತದೆ. ಏರಿಸಿದವರು ಕೊಟ್ಟ ಮೂಲ ಫೈಲು ಒಂದು, ಆರ್ಕೈವ್ ತಾನೇ ಮಾಡಿಕೊಂಡ ನಕಲುಗಳು ಹಲವು. ಪುಟದಲ್ಲಿ ಪ್ಲೇ ಒತ್ತಿದಾಗ ಸಾಮಾನ್ಯವಾಗಿ ನಿನ್ನ ಕಣ್ಣಿಗೆ ಬೀಳುವುದು ಆ ಚಿಕ್ಕ ನಕಲು. ಲೆಕ್ಕ ಹಾಕಿ ನೋಡು: 96 ನಿಮಿಷದ ಚಿತ್ರ ಸೆಕೆಂಡಿಗೆ 512 ಕಿಲೋಬಿಟ್ ದರದಲ್ಲಿ ಸುಮಾರು 370 ಎಂಬಿ ಆಗುತ್ತದೆ. ಹೆಸರಿನ ಕೊನೆಯಲ್ಲಿ ‘512ಕೆಬಿ’ ಎಂದಿರುವ ಫೈಲು ಅದೇ. ಡಿವಿಡಿಯಿಂದ ಹಾಗೇ ತೆಗೆದ ಎಂಪೆಗ್-2 ಮೂಲವಾದರೆ ಸೆಕೆಂಡಿಗೆ 5 ಮೆಗಾಬಿಟ್ ಹಿಡಿದರೂ 3.6 ಜಿಬಿ ಬರುತ್ತದೆ. ಹತ್ತು ಪಟ್ಟು ಅಂತರ. ಫೋನಿನ ದಿನದ ಡೇಟಾ ಮುಗಿಯುತ್ತದೆ ಅಂತ ಚಿಕ್ಕದಕ್ಕೆ ಕೈ ಹಾಕಬೇಡ, ಕಾಲೇಜಿನ ವೈಫೈ ಇದ್ದಲ್ಲಿ ದೊಡ್ಡದನ್ನೇ ಇಳಿಸಿಕೋ. ಲಾಗಿನ್ ಬೇಕಿಲ್ಲ, ದುಡ್ಡು ಕೊಡಬೇಕಿಲ್ಲ.

ಗಾತ್ರ ದೊಡ್ಡದಿದ್ದ ಮಾತ್ರಕ್ಕೆ ನಂಬಲೂ ಬೇಡ. ‘ಎಚ್‌ಡಿ’, ‘1080’ ಎಂದು ಹಣೆಪಟ್ಟಿ ಅಂಟಿಸಿದ ಕೆಲವು ಪ್ರತಿಗಳು ಅದೇ ಟೇಪಿನ ನಕಲನ್ನು ಎಳೆದು ಹಿಗ್ಗಿಸಿದವು. ಹಿಗ್ಗಿಸಿದರೆ ಇಲ್ಲದ ವಿವರ ಹುಟ್ಟುವುದಿಲ್ಲ. ಭುಜದ, ಕೂದಲಿನ ಅಂಚಿಗೆ ಬಿಳಿ ಗೆರೆ ಸುತ್ತಿಕೊಂಡಿದ್ದರೆ ಕೃತಕವಾಗಿ ಚೂಪು ಮಾಡಿದ್ದಾರೆ. ಮುಖ ಮೇಣದ ಹಾಗೆ ನುಣುಪಾಗಿ, ಹಿಂದಿನ ಎಲೆಗಳು ಬಳಿದ ಬಣ್ಣದಂತಿದ್ದರೆ ಯಂತ್ರಕಲಿಕೆಯ ತಂತ್ರಾಂಶಕ್ಕೆ ಕೊಟ್ಟು ‘ಸುಧಾರಿಸಿದ’ ಪ್ರತಿ. ಬಣ್ಣ ತುಂಬಿದ ಪ್ರತಿಯಂತೂ ಬೇಡವೇ ಬೇಡ. ಛಾಯಾಗ್ರಾಹಕ ಹ್ಯಾಲ್ ರಾಸನ್ ಬೆಳಕು ಕೂರಿಸಿದ್ದು ಕಪ್ಪು ಬಿಳುಪಿಗೆ.

ಯಾವ ಪ್ರತಿ ಎಂದು ತೀರ್ಮಾನಿಸಲು ಇಡೀ ಚಿತ್ರ ನೋಡಬೇಕಿಲ್ಲ, ಮೂರು ಜಾಗ ನೋಡಿದರೆ ಸಾಕು.

ಮೊದಲನೆಯದು ಆರಂಭದ ಹೆಸರಿನ ಪಟ್ಟಿ. ಅಕ್ಷರಗಳು ಅಂಚಿಗೆ ತಾಗಿ ಕತ್ತರಿಸಿದ್ದರೆ ಆ ಪ್ರತಿಯಲ್ಲಿ ಮುಂದೆ ತಲೆಗಳೂ ಕತ್ತರಿಸಿರುತ್ತವೆ. 1936ರ ಚಿತ್ರದ ಚೌಕಟ್ಟು ಅಗಲ ಎತ್ತರಕ್ಕೆ 1.37ರಷ್ಟು, ಹಳೆಯ ಟಿವಿಯ 4:3ಕ್ಕೆ ಬಹಳ ಹತ್ತಿರ. ಇದನ್ನು ಇಂದಿನ 16:9 ಪರದೆ ತುಂಬುವಂತೆ ಕತ್ತರಿಸಿದ್ದರೆ ಎತ್ತರದಲ್ಲಿ ನಾಲ್ಕರಲ್ಲೊಂದು ಪಾಲು ಹೋಯಿತು, ಅದನ್ನು ಯಾವ ಗುಂಡಿಯೂ ಮರಳಿ ತರುವುದಿಲ್ಲ. ಕತ್ತರಿಸದೆ ಬರೀ ಎಳೆದು ಅಗಲ ಮಾಡಿದ್ದರೆ ಪರವಾಗಿಲ್ಲ, ಸರಿ ಮಾಡಬಹುದು. ಇನ್ನೊಂದು ಸೂಕ್ಷ್ಮ ದೋಷವಿದೆ. ಅಮೆರಿಕದ ಡಿವಿಡಿಯ ಚಿತ್ರ 720 ಅಡ್ಡ 480 ಚುಕ್ಕಿಗಳದ್ದು. ಅದನ್ನು ಕುಗ್ಗಿಸಿ 4:3ಕ್ಕೆ ತೋರಿಸಬೇಕು. ಹಾಗೆ ಮಾಡದೆ ಚುಕ್ಕಿಗೆ ಚುಕ್ಕಿ ಹಾಕಿದರೆ ಎಲ್ಲರೂ ಶೇಕಡಾ 12.5ರಷ್ಟು ದಪ್ಪಗಾಗುತ್ತಾರೆ. ಕಣ್ಣಿಗೆ ಏನೋ ಸರಿಯಿಲ್ಲ ಅನಿಸುತ್ತದೆ, ಏನೆಂದು ಹೊಳೆಯುವುದಿಲ್ಲ.

ಎರಡನೆಯದು ಕುಸ್ತಿ, ಮೊದಲ ಅಂಕದ ಎರಡನೆಯ ದೃಶ್ಯ. ಆರ್ಲಾಂಡೊ ಜಟ್ಟಿ ಚಾರ್ಲ್ಸ್‌ನನ್ನು ಎದುರಿಸುವಾಗ ಕೈಕಾಲು ವೇಗವಾಗಿ ಆಡುತ್ತವೆ. ಅಲ್ಲಿ ತೋಳಿನ ಅಂಚು ಬಾಚಣಿಗೆಯ ಹಲ್ಲಿನಂತೆ ಸೀಳಿದ್ದರೆ ನೀನು ಹೇಳಿದ ಗೀರು ಅದೇ. ಕಾರಣ ಇದು: ಫಿಲ್ಮು ಸೆಕೆಂಡಿಗೆ 24 ಚೌಕ (ಫ್ರೇಮು) ಓಡುತ್ತದೆ, ಅಮೆರಿಕದ ಟಿವಿಗೆ ಸೆಕೆಂಡಿಗೆ 60 ಅರ್ಧಚಿತ್ರ (ಗೆರೆ ಬಿಟ್ಟು ಗೆರೆಯದು) ಬೇಕು. ಹಾಗಾಗಿ ಒಂದು ಚೌಕವನ್ನು ಎರಡು ಸಲ, ಮುಂದಿನದನ್ನು ಮೂರು ಸಲ ಎಂದು ಹಂಚುತ್ತಾರೆ. ಈ ಹಂಚಿಕೆಯನ್ನು ಹಿಂದಕ್ಕೆ ಬಿಚ್ಚದೆ ಕಂಪ್ಯೂಟರಿಗೆ ಇಳಿಸಿದರೆ ಪ್ರತಿ ಐದು ಚಿತ್ರಗಳಲ್ಲಿ ಎರಡರಲ್ಲಿ ಎರಡು ಬೇರೆ ಬೇರೆ ಕ್ಷಣಗಳು ಗೆರೆಗೆ ಗೆರೆ ಬೆರೆತುಕೊಳ್ಳುತ್ತವೆ. ನಿಂತ ಮುಖದಲ್ಲಿ ಕಾಣುವುದಿಲ್ಲ, ಚಲನೆಯಲ್ಲಿ ಮಾತ್ರ. ಕುಸ್ತಿಯನ್ನೇ ನೋಡು ಅಂದದ್ದು ಅದಕ್ಕೆ.

ಮೂರನೆಯದು ಕಟ್ಟಕಡೆಯ ಭಾಗ. ನಾಟಕದ ಕೊನೆಗೆ ರೋಸಲಿಂಡ್ ಮುಂದೆ ಬಂದು ಸಭಿಕರಿಗೆ ನೇರವಾಗಿ ಮಾತಾಡುತ್ತಾಳೆ, ಚಿತ್ರದಲ್ಲೂ ಬರ್ಗ್‌ನರ್ ಅದನ್ನು ಹೇಳುತ್ತಾಳೆ. ಅದು ಇಲ್ಲದೆ ಮದುವೆಯ ಕುಣಿತಕ್ಕೇ ಮುಗಿದರೆ ಆ ಪ್ರತಿ ಅಪೂರ್ಣ.

ಅವಧಿ ನೋಡಿ ಮೋಸ ಹೋಗಬೇಡ. ಚಿತ್ರ 96 ನಿಮಿಷದ್ದು. ಪ್ರತಿ 92 ನಿಮಿಷ ಎಂದು ತೋರಿಸಿದರೆ ನಾಲ್ಕು ನಿಮಿಷ ಕತ್ತರಿಸಿದ್ದಾರೆ ಅಂತ ಗಾಬರಿ ಬೇಡ. ಯೂರೋಪಿನ ಟಿವಿ ಪದ್ಧತಿಯಲ್ಲಿ ಸೆಕೆಂಡಿಗೆ 25 ಚಿತ್ರ. 24ರ ಫಿಲ್ಮನ್ನು ಸುಮ್ಮನೆ 25ಕ್ಕೆ ಓಡಿಸಿಬಿಡುತ್ತಾರೆ. 96 ಅನ್ನು 24ರಿಂದ ಗುಣಿಸಿ 25ರಿಂದ ಭಾಗಿಸು, 92 ಬರುತ್ತದೆ. ಒಂದು ದೃಶ್ಯವೂ ಹೋಗಿಲ್ಲ, ವೇಗ ಮಾತ್ರ ಶೇಕಡಾ 4 ಹೆಚ್ಚಿದೆ. ಜೊತೆಗೆ ಶ್ರುತಿಯೂ ಏರುತ್ತದೆ, ಅರ್ಧಸ್ವರದ ಹತ್ತಿರ ಹತ್ತಿರ ಮುಕ್ಕಾಲು ಪಾಲು. ಬರ್ಗ್‌ನರ್‌ಳದ್ದು ಮೊದಲೇ ತೆಳುಧ್ವನಿ; ಅದಕ್ಕೆ ಈ ಏರಿಕೆ, ಅದರ ಮೇಲೆ ಫೋನಿನ ಸ್ಪೀಕರು. ನಿನಗೆ ಕೀಚಲು ಕೇಳಿಸಿದ್ದರಲ್ಲಿ ಆಶ್ಚರ್ಯವೇನು! ನೀನು ನೋಡಿದ ಪ್ರತಿಯ ಅವಧಿ ಎಷ್ಟು ಅಂತ ಮೊದಲು ನೋಡಿಕೋ.

ಇಳಿಸುವಾಗ ಬ್ರೌಸರಿನಲ್ಲೇ 3-4 ಜಿಬಿ ಇಳಿಸಲು ಹೋದರೆ ನಡುವೆ ಕರೆಂಟು ಹೋದಾಗ ಮೊದಲಿನಿಂದ ಶುರುಮಾಡಬೇಕಾಗಬಹುದು. ಪಟ್ಟಿಯಲ್ಲೇ ಟೊರೆಂಟ್ ಫೈಲೂ ಇರುತ್ತದೆ, ಅದು ಒಳ್ಳೆಯದು: ತುಂಡು ತುಂಡಾಗಿ ಇಳಿಸಿ ಪ್ರತಿ ತುಂಡನ್ನೂ ತಾನೇ ತಾಳೆ ನೋಡುತ್ತದೆ, ನಿಂತಲ್ಲಿಂದ ಮುಂದುವರಿಯುತ್ತದೆ. ಬೇರೆ ಯಾರೂ ಹಂಚದಿದ್ದರೂ ಆರ್ಕೈವ್‌ನ ಸರ್ವರುಗಳೇ ಕೊಡುತ್ತವೆ. ಕಾಲೇಜಿನ ಜಾಲದಲ್ಲಿ ಟೊರೆಂಟ್ ತಡೆದಿದ್ದರೆ ನಿಂತಲ್ಲಿಂದ ಮುಂದುವರಿಸುವ ಯಾವುದಾದರೂ ಡೌನ್‌ಲೋಡ್ ಮ್ಯಾನೇಜರ್ ಬಳಸು. ಇಳಿದ ಮೇಲೆ ಫೈಲಿನ ಗಾತ್ರ ಪಟ್ಟಿಯಲ್ಲಿದ್ದಷ್ಟೇ ಇದೆಯೇ ನೋಡಿ, ಕೊನೆಯ ಐದು ನಿಮಿಷ ಓಡಿಸಿ ಪರೀಕ್ಷಿಸು. ಅರ್ಧ ಇಳಿದ ಫೈಲು ಕ್ಲಾಸಿನಲ್ಲಿ ನಿಂತರೆ ಮಕ್ಕಳ ಗಮನ ಮತ್ತೆ ಕೂಡುವುದಿಲ್ಲ. ನೇರವಾಗಿ ಸೈಟಿನಿಂದ ಓಡಿಸುವ ಭರವಸೆಯಲ್ಲಂತೂ ಕ್ಲಾಸಿಗೆ ಹೋಗಬೇಡ. 2024ರ ಅಕ್ಟೋಬರಿನಲ್ಲಿ ಸೈಬರ್ ದಾಳಿಗೆ ಸಿಕ್ಕು ಇಡೀ ಆರ್ಕೈವ್ ದಿನಗಟ್ಟಲೆ ಮುಚ್ಚಿತ್ತು.

ಓಡಿಸಲು ವಿಎಲ್‌ಸಿ ಎಂಬ ಪ್ಲೇಯರ್ ಹಾಕಿಕೋ, ಉಚಿತ. ಕಂಪ್ಯೂಟರಿನಲ್ಲಿ ಹಾಕು, ಫೋನಿನದರಲ್ಲಿ ಈ ಸೌಲಭ್ಯಗಳು ಪೂರ್ತಿ ಇಲ್ಲ. ಬಾಚಣಿಗೆ ಹಲ್ಲು ಕಂಡರೆ ವಿಡಿಯೋ ಮೆನುವಿನಲ್ಲಿ ಡಿಇಂಟರ್‌ಲೇಸ್ ಆನ್ ಮಾಡು. ವಿಧಾನಗಳ ಪಟ್ಟಿಯಲ್ಲಿ ‘ಫಿಲ್ಮ್ ಎನ್‌ಟಿಎಸ್‌ಸಿ’ ಎಂಬುದು ಮೇಲೆ ಹೇಳಿದ ಎರಡು-ಮೂರರ ಹಂಚಿಕೆಯನ್ನು ಬಿಚ್ಚಿ ಮೂಲ 24 ಚೌಕಗಳನ್ನೇ ಹೊರಗೆ ತೆಗೆಯುತ್ತದೆ, ಡಿವಿಡಿಯಿಂದ ಹಾಗೇ ಬಂದ ಎಂಪೆಗ್-2 ಫೈಲಿಗೆ ಅದೇ ಸರಿ. ಅದು ಒಪ್ಪದಿದ್ದರೆ ‘ಯಾಡಿಫ್’. ಎರಡರಿಂದಲೂ ಹೋಗದಿದ್ದರೆ, ಹಲ್ಲುಗಳಿರುವಾಗಲೇ ಯಾರೋ ಚಿತ್ರದ ಅಳತೆ ಬದಲಿಸಿದ್ದಾರೆ ಎಂದು ತಿಳಿ. ಆಗ ಗೆರೆಗಳು ಒಂದಕ್ಕೊಂದು ಕಲಸಿಕೊಂಡಿರುತ್ತವೆ, ಬಿಡಿಸಲು ಬರುವುದಿಲ್ಲ. ಆ ಪ್ರತಿಯನ್ನು ಅಳಿಸಿ ಬೇರೆಯದನ್ನು ಹುಡುಕು. ಮುಖ ದಪ್ಪಗಿದ್ದರೆ ‘ಎ’ ಕೀಲಿಯನ್ನು 4:3 ಎಂದು ಬರುವವರೆಗೆ ಒತ್ತು.

25ರ ವೇಗದ ಪ್ರತಿಯೇ ಗತಿಯಾದರೆ ಅದರ ವೇಗವನ್ನೂ ತಗ್ಗಿಸಬಹುದು. ಪ್ರಿಫರೆನ್ಸಸ್‌ನಲ್ಲಿ ಎಲ್ಲವನ್ನೂ ತೋರಿಸು ಎಂದು ಆರಿಸಿ, ಇನ್‌ಪುಟ್ ಮತ್ತು ಕೋಡೆಕ್ಸ್ ವಿಭಾಗದಲ್ಲಿ ಪ್ಲೇಬ್ಯಾಕ್ ಸ್ಪೀಡ್ ಎಂದಿರುವಲ್ಲಿ 0.96 ಹಾಕು. ಅಷ್ಟೇ ಮಾಡಿದರೆ ಶ್ರುತಿ ಇಳಿಯುವುದಿಲ್ಲ, ಯಾಕೆಂದರೆ ವಿಎಲ್‌ಸಿ ವೇಗ ಬದಲಾದರೂ ಶ್ರುತಿಯನ್ನು ಹಿಡಿದಿಡುತ್ತದೆ. ಸಾಮಾನ್ಯವಾಗಿ ಅದು ಉಪಕಾರ, ಇಲ್ಲಿ ಬೇಡ. ಆಡಿಯೋ ವಿಭಾಗದಲ್ಲಿ ಟೈಮ್ ಸ್ಟ್ರೆಚಿಂಗ್ ಎಂಬ ಚೌಕದ ಗುರುತು ತೆಗೆ. ಆಗ ವೇಗವೂ ಶ್ರುತಿಯೂ ಒಟ್ಟಿಗೆ ಇಳಿದು ಮೂಲದ ಧ್ವನಿ ಬರುತ್ತದೆ. ನೋಡಿ ಮುಗಿದ ಮೇಲೆ ಎರಡನ್ನೂ ಮೊದಲಿನಂತೆ ಮಾಡು, ಇಲ್ಲದಿದ್ದರೆ ಮುಂದಿನ ಚಿತ್ರ ನಿಧಾನವಾಗಿ ಓಡುತ್ತದೆ.

ಧ್ವನಿಯ ಸದ್ದುಗದ್ದಲಕ್ಕೆ ಈಕ್ವಲೈಜರ್ ಇದೆ. 1930ರ ದಶಕದಲ್ಲಿ ಧ್ವನಿಯನ್ನು ಫಿಲ್ಮಿನ ಅಂಚಿನಲ್ಲಿ ಬೆಳಕಿನ ಪಟ್ಟಿಯಾಗಿ ಮುದ್ರಿಸುತ್ತಿದ್ದರು. ತೀರಾ ಮೇಲಿನ ಸ್ವರಗಳು ಅದರಲ್ಲಿ ಹೆಚ್ಚು ಉಳಿದಿಲ್ಲ, ಅಲ್ಲಿ ಕೇಳುವುದು ಬರೀ ಸುಸ್ ಎಂಬ ಸದ್ದು. ಹಾಗಾಗಿ 12, 14, 16 ಕಿಲೋಹರ್ಟ್ಸ್ ಗುಂಡಿಗಳನ್ನು ಪೂರ್ತಿ ಕೆಳಗೆ ಇಳಿಸಿದರೂ ಮಾತಿಗೆ ನಷ್ಟವಿಲ್ಲ. 60 ಹರ್ಟ್ಸ್‌ನ ಗುಂಡಿಯನ್ನು 10 ಡೆಸಿಬಲ್ ಇಳಿಸು, ವಿದ್ಯುತ್ತಿನ ಗುಂಯ್ ಸದ್ದು ಹೋಗುತ್ತದೆ. 3 ಕಿಲೋಹರ್ಟ್ಸ್ ಸುಮಾರು 3 ಡೆಸಿಬಲ್ ಏರಿಸು. ವ್ಯಂಜನಗಳು ಸ್ಪಷ್ಟವಾಗುವುದು ಅಲ್ಲಿ. ಇನ್ನೂ ಹೆಚ್ಚು ಏರಿಸಿದರೆ ಕಿವಿ ಚುಚ್ಚುತ್ತದೆ. ಧ್ವನಿ ಒಂದೇ ಕಿವಿಯಲ್ಲಿ ಬಂದು ಇನ್ನೊಂದರಲ್ಲಿ ಬರೀ ಸದ್ದಿದ್ದರೆ ಆಡಿಯೋ ಮೆನುವಿನ ಸ್ಟೀರಿಯೋ ಮೋಡ್‌ನಲ್ಲಿ ಸರಿಯಾಗಿರುವ ಬದಿಯನ್ನು ಮಾತ್ರ ಆರಿಸು. ಮೂಲ ಹೇಗೂ ಮೋನೊ, ಎರಡು ಬದಿಗೂ ಒಂದೇ ಧ್ವನಿ.

ಇಷ್ಟಾದ ಮೇಲೂ ಮಾತು ಪೂರ್ತಿ ತಿಳಿಯುವುದಿಲ್ಲ. ಅದು ಸಹಜ, ಇಂಗ್ಲಿಷರಿಗೂ ಪೂರ್ತಿ ತಿಳಿಯುವುದಿಲ್ಲ. ಪಠ್ಯ ಉಚಿತವಾಗಿ ಸಿಗುತ್ತದೆ. ಪ್ರಾಜೆಕ್ಟ್ ಗುಟೆನ್‌ಬರ್ಗ್‌ನಲ್ಲಿದೆ, ಆದರೆ ನೀನು ವಾಷಿಂಗ್ಟನ್‌ನ ಫೋಲ್ಜರ್ ಗ್ರಂಥಾಲಯದ ಜಾಲತಾಣದ ಪಠ್ಯ ತೆಗೆದುಕೋ, ಸಾಲುಗಳಿಗೆ ಸಂಖ್ಯೆ ಇದೆ. ಈ ನಾಟಕದಲ್ಲಿ ಅರ್ಧಕ್ಕಿಂತ ಹೆಚ್ಚು ಭಾಗ ಗದ್ಯವೇ ಆದ್ದರಿಂದ ‘ಹ್ಯಾಮ್ಲೆಟ್’ಗಿಂತ ಹಗುರ. ಇಡೀ ನಾಟಕ ಆಡಿದರೆ ಎರಡೂವರೆ ಗಂಟೆ ಹಿಡಿಯುತ್ತದೆ, ಚಿತ್ರ ಒಂದೂವರೆ ಗಂಟೆಯದು. ಹಾಗಾಗಿ ನೋಡುತ್ತಾ ನೋಡುತ್ತಾ ಓದಲು ಹೋದರೆ ಸಾಲು ತಪ್ಪಿ ತಬ್ಬಿಬ್ಬಾಗುತ್ತೀಯ. ನಾಲ್ಕು ದೃಶ್ಯಗಳನ್ನು ಮುಂಚಿತವಾಗಿ ಓದಿಕೋ: ಒಂದನೆಯ ಅಂಕದ ಮೂರನೆಯದು, ರೋಸಲಿಂಡ್‌ಗೆ ಗಡೀಪಾರು ಆಗುವುದು, ಎರಡನೆಯ ಅಂಕದ ಏಳನೆಯದು, ಜಗವೇ ರಂಗಸ್ಥಳ ಎಂಬ ಜೇಕ್ವಿಸ್‌ನ ಮಾತು ಇಲ್ಲೇ, ಮೂರನೆಯ ಅಂಕದ ಎರಡನೆಯದು, ಆರ್ಲಾಂಡೊ ಮರಗಳಿಗೆ ಪದ್ಯ ತೂಗುಹಾಕುವುದು, ನಾಲ್ಕನೆಯ ಅಂಕದ ಮೊದಲನೆಯದು, ಗ್ಯಾನಿಮೀಡ್ ರೋಸಲಿಂಡ್‌ಳಾಗಿ ನಟಿಸಿ ಪ್ರೇಮಪಾಠ ಹೇಳುವುದು. ಈ ಕೊನೆಯದನ್ನು ಎರಡು ಸಲ ಓದು. ಇಡೀ ಚಿತ್ರದಲ್ಲಿ ಬರ್ಗ್‌ನರ್ ಅತ್ಯುತ್ತಮವಾಗಿರುವುದು ಅಲ್ಲಿ. ಅವಳು ಮಾತಾಡುವಾಗ ಒಲಿವಿಯರ್ ಸುಮ್ಮನೆ ಕೇಳುತ್ತಾನಲ್ಲ, ಅವನ ಮುಖ ನೋಡು.

ಮಕ್ಕಳಿಗೆ ಚಿತ್ರ ಹಾಕುವ ಮುಂಚೆ ಸಂಬಂಧಗಳನ್ನು ಬೋರ್ಡಿನ ಮೇಲೆ ಬರೆ. ಎರಡು ಜೋಡಿ ಅಣ್ಣತಮ್ಮಂದಿರು: ಕಾಡಿಗಟ್ಟಿಸಿಕೊಂಡ ಹಿರಿಯ ಡ್ಯೂಕ್, ಅವನನ್ನು ಅಟ್ಟಿದ ತಮ್ಮ ಫ್ರೆಡರಿಕ್, ದಾಯಾದಿ ಬುದ್ಧಿಯ ಅಣ್ಣ ಆಲಿವರ್, ಅವನಿಂದ ಅನ್ಯಾಯಕ್ಕೊಳಗಾದ ತಮ್ಮ ಆರ್ಲಾಂಡೊ. ಒಂದು ಕಡೆ ತಮ್ಮ ಕೆಟ್ಟವ, ಇನ್ನೊಂದು ಕಡೆ ಅಣ್ಣ. ರೋಸಲಿಂಡ್ ಹಿರಿಯ ಡ್ಯೂಕನ ಮಗಳು, ಸೀಲಿಯಾ ಫ್ರೆಡರಿಕ್‌ನ ಮಗಳು. ಆಸ್ತಿ ಕಸಿದುಕೊಂಡದ್ದು, ವನವಾಸ ಎಲ್ಲ ನಮ್ಮ ಮಕ್ಕಳಿಗೆ ಗೊತ್ತಿರುವ ಲೋಕವೇ. ಕಾಡಿನಲ್ಲಿರುವ ಡ್ಯೂಕ್ ಪಾತ್ರದಲ್ಲಿ ಹೆನ್ರಿ ಐನ್‌ಲಿ, ಜೇಕ್ವಿಸ್ ಪಾತ್ರದಲ್ಲಿ ಲಿಯಾನ್ ಕ್ವಾರ್ಟರ್‌ಮೇನ್, ಇಬ್ಬರೂ ಹಳೆಯ ಲಂಡನ್ ರಂಗಭೂಮಿಯ ಕಂಠಗಳು, ಇಬ್ಬರಿಗೂ ಇದೇ ಕೊನೆಯ ಚಿತ್ರ. ಪದ್ಯವನ್ನು ಅವರು ಹೇಳುವ ರೀತಿಗೂ ಒಲಿವಿಯರ್ ಹೇಳುವ ರೀತಿಗೂ ಇರುವ ಅಂತರವನ್ನು ಕಿವಿಗೊಟ್ಟು ಕೇಳಿಸು, ಎರಡು ತಲೆಮಾರುಗಳು ಒಂದೇ ಚೌಕಟ್ಟಿನಲ್ಲಿವೆ.

ಸಬ್‌ಟೈಟಲ್ ಬೇಕೆಂದರೆ ಎಸ್‌ಆರ್‌ಟಿ ಫೈಲು ಹುಡುಕಿ, ಚಿತ್ರದ ಫೈಲಿನ ಹೆಸರನ್ನೇ ಅದಕ್ಕೂ ಕೊಟ್ಟು ಅದೇ ಫೋಲ್ಡರಿನಲ್ಲಿಡು, ತಾನಾಗಿ ತೆರೆದುಕೊಳ್ಳುತ್ತದೆ. ಯಂತ್ರ ಕೇಳಿ ಬರೆದ ಸಬ್‌ಟೈಟಲ್ ಬೇಡ, 400 ವರ್ಷ ಹಿಂದಿನ ಇಂಗ್ಲಿಷನ್ನು ಅದು ಇಂದಿನ ಮಾತು ಎಂದು ಊಹಿಸಿ ಏನೇನೋ ಬರೆಯುತ್ತದೆ. ಮಾತಿಗೂ ಅಕ್ಷರಕ್ಕೂ ತಾಳ ತಪ್ಪಿದರೆ ಮೊದಲು ಯಾವ ಬಗೆಯದು ನೋಡು. ಆರಂಭದಲ್ಲೂ ಕೊನೆಯಲ್ಲೂ ಅಂತರ ಒಂದೇ ಇದ್ದರೆ ‘ಜಿ’, ‘ಎಚ್’ ಕೀಲಿಗಳಿಂದ ಹಿಂದೆ ಮುಂದೆ ಮಾಡಿ ಸರಿಪಡಿಸಬಹುದು. ಅಂತರ ಬೆಳೆಯುತ್ತಾ ಹೋದರೆ ಅದು ಮತ್ತೆ 24-25ರ ಜಗಳ, ಗಂಟೆಗೆ ಎರಡೂವರೆ ನಿಮಿಷದಷ್ಟು ಜಾರುತ್ತದೆ. ‘ಸಬ್‌ಟೈಟಲ್ ಎಡಿಟ್’ ಎಂಬ ಉಚಿತ ತಂತ್ರಾಂಶದಲ್ಲಿ ಫ್ರೇಮ್ ರೇಟ್ ಬದಲಿಸುವ ಆಯ್ಕೆ ಇದೆ, 25ರಿಂದ 23.976ಕ್ಕೆ (ಅಮೆರಿಕದ ಟಿವಿ ಪದ್ಧತಿಯಲ್ಲಿ 24ರ ಲೆಕ್ಕ ಹೀಗೆ) ಅಥವಾ ತಿರುಗಿಸಿ. ಅದೇ ತಂತ್ರಾಂಶದಲ್ಲಿ ನೀನೇ ಕನ್ನಡ ಸಬ್‌ಟೈಟಲ್ ಮಾಡಬಹುದು. ನಿನ್ನ ಕೈಲಾಗದ ಕೆಲಸವೇನಲ್ಲ. ಒಂದು ಸಲಕ್ಕೆ ಎರಡು ಸಾಲು ಮೀರದಿರಲಿ, ಸಾಲಿಗೆ 35 ಅಕ್ಷರದ ಆಸುಪಾಸು, ಯಾವ ಸಾಲೂ ಒಂದು ಸೆಕೆಂಡಿಗಿಂತ ಕಡಿಮೆ ನಿಲ್ಲದಿರಲಿ. ಉಳಿಸುವಾಗ ಯುಟಿಎಫ್-8 ಎಂದು ಉಳಿಸು, ವಿಎಲ್‌ಸಿಯ ಸಬ್‌ಟೈಟಲ್ ವಿಭಾಗದಲ್ಲಿ ನೋಟೊ ಸ್ಯಾನ್ಸ್ ಕನ್ನಡದಂಥ ಫಾಂಟ್ ಆರಿಸು, ಇಲ್ಲದಿದ್ದರೆ ಅಕ್ಷರದ ಬದಲು ಚೌಕಗಳು ಬರುತ್ತವೆ.

ಕ್ಲಾಸಿಗೆ ಎರಡು ಭಾಗ ಮಾಡಿಕೋ, ಒಂದೇ ಪೀರಿಯಡ್ಡಿನಲ್ಲಿ ಆಗುವುದಿಲ್ಲ. ಪ್ರೊಜೆಕ್ಟರಿನ ಸೆಟ್ಟಿಂಗಿನಲ್ಲೂ ಚಿತ್ರವನ್ನು ಪರದೆ ತುಂಬ ಎಳೆಯುವ ಆಯ್ಕೆ ಇರುತ್ತದೆ, ಅದನ್ನು ತೆಗೆ; ಎರಡೂ ಬದಿಗೆ ಕಪ್ಪು ಪಟ್ಟಿ ಇರಲಿ. ದುಡ್ಡು ಸ್ವಲ್ಪವೇ ಇದ್ದರೆ ಸ್ಪೀಕರಿಗೆ ಹಾಕು. ಚಿತ್ರ ಕೊಂಚ ಮಸುಕಾದರೂ ಮಕ್ಕಳು ಸಹಿಸುತ್ತಾರೆ, ಮಾತು ಕೇಳದಿದ್ದರೆ ಸಹಿಸುವುದಿಲ್ಲ.

ಹಕ್ಕಿನ ವಿಚಾರವನ್ನೂ ಕೇಳಿದ್ದೀಯ. ನಮ್ಮ 1957ರ ಹಕ್ಕುಸ್ವಾಮ್ಯ ಕಾಯ್ದೆಯಲ್ಲಿ ಸಿನಿಮಾಕ್ಕೆ ಪ್ರಕಟವಾದ ಮುಂದಿನ ವರ್ಷದಿಂದ 60 ವರ್ಷ. ಆ ಲೆಕ್ಕದಲ್ಲಿ 1936ರ ಚಿತ್ರದ ಅವಧಿ 1996ರ ಕೊನೆಗೇ ಮುಗಿಯಿತು. ಬ್ರಿಟನ್ನಿನ ಲೆಕ್ಕ ಬೇರೆ. ಅಲ್ಲಿ ನಿರ್ದೇಶಕ, ಚಿತ್ರಕಥೆ, ಸಂಭಾಷಣೆ, ಚಿತ್ರಕ್ಕಾಗಿಯೇ ರಚಿಸಿದ ಸಂಗೀತ, ಈ ನಾಲ್ವರಲ್ಲಿ ಕೊನೆಯವರು ತೀರಿಕೊಂಡ ಮೇಲೆ 70 ವರ್ಷ. ವಾಲ್ಟನ್ ತೀರಿಕೊಂಡದ್ದು 1983ರಲ್ಲಿ. ಅಮೆರಿಕದಲ್ಲೂ ಒಮ್ಮೆ ಬಿದ್ದುಹೋದ ವಿದೇಶಿ ಚಿತ್ರಗಳ ಹಕ್ಕು ಮರಳಿ ಬರುವ ಕಾನೂನು 1996ರಲ್ಲಿ ಜಾರಿಗೆ ಬಂತು. ಹೀಗಾಗಿ ಆರ್ಕೈವ್‌ನ ಪುಟದಲ್ಲಿ ‘ಪಬ್ಲಿಕ್ ಡೊಮೇನ್’ ಎಂದಿರುವುದು ಏರಿಸಿದವರ ಮಾತು, ತೀರ್ಪಲ್ಲ. ಇಂದು ಇರುವ ಪ್ರತಿ ನಾಳೆ ಇಲ್ಲದಿರಬಹುದು. ಲಂಡನ್ನಿನಲ್ಲಿರುವ ನಮ್ಮ ಕನ್ನಡದವರ ಗುಂಪಿಗೆ ನೀನು ಇಳಿಸಿದ ಫೈಲು ಕಳಿಸುವ ಮುಂಚೆ ಇದು ನೆನಪಿರಲಿ.

ಇದು ಹಿಡಿಸಿದರೆ ಮೂಕಿಚಿತ್ರಗಳ ಕಡೆಗೂ ಹೋಗು. 1899ರಲ್ಲಿ ಹರ್ಬರ್ಟ್ ಬೀರ್‌ಬೋಮ್ ಟ್ರೀ ‘ಕಿಂಗ್ ಜಾನ್’ ನಾಟಕದಲ್ಲಿ ರಾಜ ಸಾಯುವ ದೃಶ್ಯವನ್ನು ಕ್ಯಾಮೆರಾ ಮುಂದೆ ಆಡಿದ್ದು ಒಂದು ನಿಮಿಷದ ಮೇಲೆ ಕೊಂಚ ಉಳಿದಿದೆ. 1908ರ ‘ದ ಟೆಂಪೆಸ್ಟ್’ ಸುಮಾರು 12 ನಿಮಿಷದ್ದು. 1912ರ ‘ರಿಚರ್ಡ್ ದ ಥರ್ಡ್’ ಕಳೆದೇ ಹೋಯಿತೆಂದುಕೊಂಡಿದ್ದದ್ದು 1996ರಲ್ಲಿ ಸಿಕ್ಕಿತು. ಇವುಗಳಲ್ಲಿ ಜನ ಓಡೋಡಿ ನಡೆಯುವಂತೆ ಕಂಡರೆ ಅದೂ ಪ್ರತಿಯ ದೋಷ: ಸೆಕೆಂಡಿಗೆ 16ರಿಂದ 20 ಚೌಕದಂತೆ ತೆಗೆದದ್ದನ್ನು 24ಕ್ಕೆ ಓಡಿಸಿದ್ದಾರೆ. ವೇಗವನ್ನು 0.75ಕ್ಕೆ ಇಳಿಸು, 18ಕ್ಕೆ ಬರುತ್ತದೆ. ಹಿನ್ನೆಲೆಗೆ ಯಾರೋ ಅಂಟಿಸಿದ ಪಿಯಾನೊ ಇದ್ದರೆ ಅದರ ಧ್ವನಿ ಮುಚ್ಚಿಬಿಡು.

ಪ್ರತಿ ಆರಿಸಿದ ಮೇಲೆ ಅದರ ಅವಧಿ, ಫೈಲಿನ ಗಾತ್ರ, ಕುಸ್ತಿ ದೃಶ್ಯ ಹೇಗಿದೆ ಇಷ್ಟನ್ನು ಬರೆದು ಕಳಿಸು. ಕನ್ನಡ ಸಬ್‌ಟೈಟಲ್‌ಗೆ ಕೈ ಹಾಕುವುದಾದರೆ ನಾಲ್ಕನೆಯ ಅಂಕದಿಂದ ಶುರುಮಾಡು, ಮೊದಲ ಎರಡು ಅಂಕಗಳನ್ನು ನನಗೆ ಬಿಡು.

ನಿನ್ನ,
ಶ್ರೀಧರ